ಅಳಿಸುವ ಅಧಿಕಾರ

ಸರ್ಕಾರದ ಕಾಗದಕ್ಕೆ ಆಯುಷ್ಯವಿದೆ. ಕಚೇರಿಯಲ್ಲಿ ದುಡಿದವರಿಗೆ ಇದು ತಿಳಿದ ಸಂಗತಿ. ಹೊರಗಿನವರಿಗೆ ವಿನೋದವಾಗಿ ಕಂಡೀತು. ಒಂದು ಕಡತದ ಕೆಲಸ ಮುಗಿದೊಡನೆ ಅದಕ್ಕೊಂದು ವರ್ಗವನ್ನು ಗೊತ್ತುಮಾಡುತ್ತಾರೆ. 'ಎ' ವರ್ಗದ್ದು ಶಾಶ್ವತ. 'ಬಿ' 30 ವರ್ಷ, 'ಸಿ' 10 ವರ್ಷ, 'ಡಿ' 5 ವರ್ಷ, 'ಇ' ಒಂದೇ ವರ್ಷ. ಅವಧಿ ತೀರಿದ ಮಾತ್ರಕ್ಕೆ ಕಡತವನ್ನು ನಾಶಮಾಡುವಂತಿಲ್ಲ. ಪಟ್ಟಿ ಮಾಡಬೇಕು; ಪಟ್ಟಿಯನ್ನು ಮೇಲಿನವರು ನೋಡಬೇಕು; ರುಜು ಹಾಕಬೇಕು. ತಾಲ್ಲೂಕು ಕಚೇರಿಯೊಂದರ ಅಭಿಲೇಖಾಲಯದಲ್ಲಿ, ಎಂದರೆ ಜನ ರೆಕಾರ್ಡ್ ರೂಮು ಎನ್ನುವ ಕತ್ತಲೆಯ ಕೋಣೆಯಲ್ಲಿ, ನಾನು 31 ವರ್ಷ ಈ ಕೆಲಸ ಮಾಡಿದೆ. ಅಷ್ಟು ಕಾಲದಲ್ಲಿ ರುಜುವಿಲ್ಲದೆ ಒಂದು ಚೀಟಿಯನ್ನೂ ಹರಿದವನಲ್ಲ ಎಂಬುದು ನನ್ನ ಹೆಮ್ಮೆ. ಹೆಮ್ಮೆಯಾಗಿತ್ತು ಎನ್ನಬೇಕು. ಕಳೆದ ಮಳೆಗಾಲದ ಒಂದು ಮಧ್ಯಾಹ್ನ, ಪಟ್ಟಿಯೂ ಇಲ್ಲದೆ, ರುಜುವೂ ಇಲ್ಲದೆ, ಒಂದು ಬೆರಳಿನ ಒತ್ತಿನಿಂದ ಎರಡು ವರ್ಷದ ಕೆಲಸವೊಂದನ್ನು ನಾನು ಅಳಿಸಿದೆ. ಕೆಲಸ ನನ್ನದಲ್ಲ, ನನ್ನ ಮೊಮ್ಮಗನದು.

2020ರ ಮಾರ್ಚ್ ತಿಂಗಳಲ್ಲಿ ಶಾಲೆಗಳು ಮುಚ್ಚಿದಾಗ ಎಷ್ಟೋ ಮನೆಗಳಿಗೆ ಬಂದಂತೆ ನಮ್ಮ ಶಹಾಪುರದ ಮನೆಗೂ ಒಂದು ಟ್ಯಾಬ್ಲೆಟ್ ಬಂದಿತು. ಹುಡುಗ ಆಗ ಎರಡನೆಯ ತರಗತಿ. ಶಾಲೆ ತೆರೆದ ಮೇಲೆ ಪಾಠ ಹೋಗಿ ಆಟಗಳು ಉಳಿದವು. ಹಗಲು ಅವನು ಶಾಲೆಗೆ ಹೋದಾಗ ಟ್ಯಾಬ್ಲೆಟ್ ನನ್ನ ಪಾಲಿಗೆ ಬರುತ್ತಿತ್ತು. ಇಂಟರ್‌ನೆಟ್ ಆರ್ಕೈವ್ ಎಂಬಲ್ಲಿ ಹಳೆಯ ಕನ್ನಡ ಪುಸ್ತಕಗಳ ಸಾವಿರಾರು ಪ್ರತಿಗಳು ಪುಕ್ಕಟೆಯಾಗಿ ಸಿಗುತ್ತವೆಂದು ತಿಳಿದಂದಿನಿಂದ ನನಗೆ ಹೊಸ ಹಸಿವು ಹತ್ತಿತು. ಒಂದೊಂದಾಗಿ ಇಳಿಸಿಕೊಂಡೆ. ಒಂದು ದಿನ ಯಂತ್ರ ಹೇಳಿತು: ಜಾಗವಿಲ್ಲ.

ಡಬ್ಬಿಯ ಮೇಲೆ 32 ಜಿಬಿ ಎಂದು ಅಚ್ಚಾಗಿದೆ. ಅಷ್ಟೂ ನಮಗೆ ದಕ್ಕುವುದಿಲ್ಲ. ಮಾರುವವರು ಸಾವಿರದ ಲೆಕ್ಕದಲ್ಲಿ ಅಳೆಯುತ್ತಾರೆ. 1024ರ ಲೆಕ್ಕದಲ್ಲಿ ಅಳೆದರೆ ಅದು 30ಕ್ಕೂ ಕಡಿಮೆ. ಅದರಲ್ಲಿ ದೊಡ್ಡ ಭಾಗವನ್ನು ಯಂತ್ರ ತನ್ನ ನಡೆವಳಿಗೆಂದೇ ಮೊದಲು ಹಿಡಿದಿಟ್ಟುಕೊಳ್ಳುತ್ತದೆ. ನಮ್ಮ ಕಡೆಯವರಿಗೆ ಇದು ಹೊಸ ಮಾತಲ್ಲ. ನಾರಾಯಣಪುರದ ಬಸವಸಾಗರದಲ್ಲಿ 33 ಟಿಎಂಸಿ ನೀರು ನಿಲ್ಲುತ್ತದೆಂದರೆ ಅಷ್ಟೂ ಶಹಾಪುರದ ಗದ್ದೆಗೆ ಬರುವುದೆಂದು ಯಾವ ರೈತನೂ ನಂಬುವುದಿಲ್ಲ. ತೂಬಿನ ಮಟ್ಟಕ್ಕಿಂತ ಕೆಳಗಿನ ನೀರಿಗೆ ಡೆಡ್ ಸ್ಟೋರೇಜ್ ಎನ್ನುತ್ತಾರೆ. ಅದು ಇದ್ದೂ ಕಾಲುವೆಗೆ ಇಲ್ಲದ ನೀರು. ಟ್ಯಾಬ್ಲೆಟ್ಟಿನ ತಳದಲ್ಲಿಯೂ ಅಂಥದೇ ಒಂದು ಪಾಲಿದೆ. ಮೇಲಿನ ಪಾಲಿಗಾಗಿಯೇ ಮನೆಯವರ ಪೈಪೋಟಿ.

ಯಾದಗಿರಿಗೆ ಹೋದಾಗ ಅಲ್ಲಿನ ರಿಪೇರಿ ಅಂಗಡಿಯೊಂದರಲ್ಲಿ ತೋರಿಸಿದೆ. ಹುಡುಗ ಎನ್ನಬಹುದಾದ ವಯಸ್ಸಿನ ಅಂಗಡಿಯವ ಎರಡು ಸಲ ಬೆರಳಾಡಿಸಿ, "ಆಟ ತಗದ್ ಒಗೀರಿ ಸರ್, ಜಾಗ ಆಗ್ತದ," ಎಂದ. ಅವನ ಮಾತಿನಲ್ಲಿ ತಪ್ಪೇನೂ ಇರಲಿಲ್ಲ. ನನ್ನ ಮನಸ್ಸಿನಲ್ಲಿಯೂ ಅದೇ ಇತ್ತು. ಓದಿಗೆ ಜಾಗವಿಲ್ಲ, ಆಟಕ್ಕೆ ಜಾಗವಿದೆ. ಇದಕ್ಕಿಂತ ಸುಲಭವಾದ ನ್ಯಾಯ ತೀರ್ಮಾನ ಯಾವುದಿದೆ? ಮನೆಗೆ ಬಂದು ಕಟ್ಟೆಯ ಮೇಲೆ ಕುಳಿತೆ. ಓಡುವ ಆಟ, ಮಿಠಾಯಿ ಒಡೆಯುವ ಆಟ, ಲೂಡೋ, ಎಲ್ಲಕ್ಕಿಂತ ದೊಡ್ಡದಾಗಿ ಚೌಕದ ಇಟ್ಟಿಗೆಗಳನ್ನು ಜೋಡಿಸುವ ಒಂದು ಆಟ. ಪ್ರತಿಯೊಂದಕ್ಕೂ ಯಂತ್ರ ಕೇಳಿತು: ತೆಗೆದುಹಾಕಲೆ? ನಾನು ಹೌದೆಂದೆ. ಐದು ನಿಮಿಷದಲ್ಲಿ 3 ಜಿಬಿ ಖಾಲಿಯಾಯಿತು. ಮನಸ್ಸಿಗೆ ಒಂದು ಬಗೆಯ ಶುಚಿಯ ಸಂತೋಷ. ಅಂಗಳ ಗುಡಿಸಿದಾಗ ಆಗುತ್ತದಲ್ಲ, ಅಂಥದು.

ಸಂಜೆ ಹುಡುಗ ಬಂದು ಟ್ಯಾಬ್ಲೆಟ್ ಹಿಡಿದ. ಬಹಳ ಹೊತ್ತು ಅದನ್ನು ಅತ್ತ ಇತ್ತ ಸರಿಸಿದ. ಆಮೇಲೆ ಕೇಳಿದ: "ಮುತ್ಯಾ, ನನ್ನ ಬುದ್ಧ ಎಲ್ಲಿ?"

ಶಹಾಪುರವನ್ನು ಕಾಣದವರಿಗೆ ಒಂದು ಮಾತು ಹೇಳಬೇಕು. ನಮ್ಮ ಊರ ಮಗ್ಗುಲಿಗೆ ಸಾಲಾಗಿ ಬಂಡೆಯ ಗುಡ್ಡಗಳಿವೆ. ಒಂದು ದಿಕ್ಕಿನಿಂದ ನೋಡಿದರೆ ಅವು ಅಂಗಾತ ಮಲಗಿದ ಮನುಷ್ಯನಂತೆ ಕಾಣುತ್ತವೆ: ಹಣೆ, ಮೂಗು, ಗದ್ದ, ಎದೆ. ಮಲಗಿದ ಬುದ್ಧ ಎಂದು ಅದಕ್ಕೆ ಹೆಸರು. ಈ ಗುಡ್ಡದ ಸಾಲನ್ನು ಹುಡುಗ ಇಟ್ಟಿಗೆಯ ಆಟದಲ್ಲಿ ಎರಡು ವರ್ಷದಿಂದ ಕಟ್ಟುತ್ತಿದ್ದನಂತೆ. ಮೂಗು ಸರಿಯಾಗಲಿಲ್ಲವೆಂದು ನಾಲ್ಕು ಸಲ ಕೆಡವಿ ಕಟ್ಟಿದ್ದನಂತೆ. ರಜೆಯಲ್ಲಿ ನನ್ನೊಡನೆ ವಾಯುಸೇವನೆಗೆ ಬಂದಾಗ ಅವನು ಗುಡ್ಡವನ್ನು ನೋಡುತ್ತ ಹಿಂದೆ ಬೀಳುತ್ತಿದ್ದುದು ಏಕೆಂದು ನನಗೆ ಆಗ ತಿಳಿಯಿತು. ಬೇಗ ಬೇಗ ನಡೆ ಎಂದು ಗದರಿಸುತ್ತಿದ್ದೆ.

ಮತ್ತೆ ಆಟವನ್ನು ಇಳಿಸಿಕೊಂಡೆವು. ಆಟ ಬಂದಿತು, ಬುದ್ಧ ಬರಲಿಲ್ಲ. ಆಟವನ್ನು ತೆಗೆದಾಗ ಅದರೊಳಗೆ ಕಟ್ಟಿದ್ದೂ ಹೋಗುತ್ತದೆಂಬುದು ಅವನಿಗೆ ಗೊತ್ತಿತ್ತು; ನನಗೆ ಗೊತ್ತಿರಲಿಲ್ಲ. ಅವನು ಅಳಲಿಲ್ಲ. "ಹೋಗ್ಲಿ ಬಿಡು ಮುತ್ಯಾ, ನಿನಗ ಗೊತ್ತಿರಲಿಲ್ಲಲ್ಲ," ಎಂದು ಹೇಳಿ ಒಳಗೆ ಹೋದ. ಅವನು ರಂಪ ಮಾಡಿದ್ದರೆ ನಾನು ಎರಡು ಮಾತು ಬುದ್ಧಿ ಹೇಳಿ ಪಾರಾಗುತ್ತಿದ್ದೆ. ಆ ರಾತ್ರಿ ನಿದ್ದೆ ಬರಲಿಲ್ಲ.

ವಾಚಕರಲ್ಲಿ ಕೆಲವರು ನಗಬಹುದು. ಹೋದದ್ದಾದರೂ ಏನು? ಕಲ್ಲಲ್ಲ, ಮಣ್ಣಲ್ಲ; ಗಾಜಿನ ಹಿಂದಿನ ಬೆಳಕು. ನಾನೂ ಆ ರಾತ್ರಿ ಇದೇ ವಾದವನ್ನು ಹೂಡಿ ನೋಡಿದೆ. ರಂಗವಲ್ಲಿಯೂ ದಿನಾ ಅಳಿಯುತ್ತದಲ್ಲ? ನಮ್ಮ ಬಾಲ್ಯದಲ್ಲಿ ಕಟ್ಟೆಯ ಮೇಲೆ ಸುಣ್ಣದಿಂದ ಮನೆ ಬರೆದು ಚೌಕಾಬಾರ ಆಡಿ, ಸಂಜೆ ಅಂಗೈಯಿಂದ ಒರೆಸಿ ಎದ್ದು ಹೋಗುತ್ತಿದ್ದೆವಲ್ಲ? ಆದರೆ ವಾದ ನಿಲ್ಲಲಿಲ್ಲ. ರಂಗವಲ್ಲಿಯನ್ನು ಮರುದಿನ ಅಳಿಸುವವಳು ಇಟ್ಟವಳೇ. ಚೌಕಾಬಾರದ ಮನೆಯನ್ನು ಒರೆಸುವವರು ಆಡಿದವರೇ. ಇನ್ನೊಬ್ಬಳು ಇಟ್ಟ ರಂಗವಲ್ಲಿಯನ್ನು ಬೇಕೆಂದೇ ತುಳಿದು ಹೋದವನನ್ನು ಹುಡಿಯ ಬೆಲೆ ಎಷ್ಟೆಂದು ನಾವು ಕೇಳುವುದಿಲ್ಲ. ವಸ್ತು ಬಾಳುವುದು ಒಂದು ಗಳಿಗೆಯಾದರೂ ಆ ಗಳಿಗೆಯ ಒಡೆತನ ಮಾಡಿದವರದು.

ಹಾಗಾದರೆ ನಾನು ತಪ್ಪಿದ್ದೆಲ್ಲಿ? ಗೊತ್ತಿಲ್ಲದೆ ಮಾಡಿದೆ ಎಂಬುದು ನಿಜ. ಹುಡುಗನೇ ಆ ಮಾಫಿಯನ್ನು ಕೊಟ್ಟಿದ್ದಾನೆ. ಆದರೆ ಗೊತ್ತುಮಾಡಿಕೊಳ್ಳುವ ದಾರಿ ನನ್ನ ಮುಂದಿತ್ತು. ಸಂಜೆಯವರೆಗೆ ಕಾಯ್ದು ಒಂದು ಮಾತು ಕೇಳಿದ್ದರೆ ಸಾಕಿತ್ತು. ಕೇಳಲಿಲ್ಲವೇಕೆ? ಆಟ ಎಂಬ ಹೆಸರಿನಿಂದಲೇ ಅದು ಕೇಳತಕ್ಕ ವಸ್ತುವಲ್ಲವೆಂದು ನಾನು ತೀರ್ಮಾನಿಸಿದ್ದೆ. ಕಚೇರಿಯಲ್ಲಿ ಹರಕು ಅರ್ಜಿಗೂ ಒಂದು ವರ್ಗವನ್ನು ಕೊಟ್ಟ ನಾನು, ಮನೆಯಲ್ಲಿ ಮಗುವಿನ ವಸ್ತುವಿಗೆ 'ಇ' ವರ್ಗವನ್ನೂ ಕೊಡಲಿಲ್ಲ. ಕಚೇರಿಯಲ್ಲಿ ನನ್ನ ಮೇಲೆ ಒಬ್ಬರಿದ್ದರು. ಮನೆಯಲ್ಲಿ ಯಾರೂ ಇರಲಿಲ್ಲ. ನನ್ನ ಪ್ರಾಮಾಣಿಕತೆಯಲ್ಲಿ ಎಷ್ಟು ಪಾಲು ನನ್ನದು, ಎಷ್ಟು ಪಾಲು ರುಜುವಿನ ಭಯದ್ದು ಎಂಬ ಪ್ರಶ್ನೆ 70 ದಾಟಿದ ಮೇಲೆ ಹೀಗೆ ಎದುರಾದೀತೆಂದು ನಾನು ಎಣಿಸಿರಲಿಲ್ಲ.

ಮರುದಿನ ಬೆಳಗ್ಗೆ ವಾಯುಸೇವನೆಗೆ ಹೋದಾಗ ಹುಡುಗ ಹಿಂದೆ ಬೀಳುತ್ತಿದ್ದ ಜಾಗದಲ್ಲಿ ನಾನೂ ನಿಂತೆ. ಅಲ್ಲಿಂದ ಬುದ್ಧ ಸ್ಪಷ್ಟವಾಗಿ ಕಾಣುತ್ತಾನೆ. ಗುಡ್ಡದ ಬುಡಕ್ಕೆ ಹೋದರೆ ಮೂಗೂ ಇಲ್ಲ, ಎದೆಯೂ ಇಲ್ಲ. ಬಂಡೆ, ಮುಳ್ಳುಕಂಟಿ, ಆಡಿನ ಹಿಕ್ಕೆ. ಬುದ್ಧ ಸುಳ್ಳೆಂದು ಹೇಳೋಣವೆ? ಬಂಡೆ ಸುಳ್ಳೆಂದು ಹೇಳೋಣವೆ? ಎರಡೂ ನಿಜ, ನಿಂತ ಜಾಗ ಬೇರೆ. ನಾನು ನಿಂತ ಜಾಗದಿಂದ ಅದು ಒಂದು ಜಿಬಿಗಿಂತ ತುಸು ಹೆಚ್ಚಿನ ಕಸ. ಅವನು ನಿಂತ ಜಾಗದಿಂದ ಎರಡು ವರ್ಷ. ಅಳಿಸುವ ಗುಂಡಿಗೆ ಈ ಎರಡು ಜಾಗಗಳ ಭೇದ ತಿಳಿಯದು. ಅದನ್ನು ತಿಳಿಯಬೇಕಾದವನು ಒತ್ತುವವನು.

ಹಾಗೆಂದು ಏನನ್ನೂ ಅಳಿಸಬಾರದೆಂಬ ಪಕ್ಷ ನನ್ನದಲ್ಲ. ಏನನ್ನೂ ನಾಶಮಾಡದ ಅಭಿಲೇಖಾಲಯದಲ್ಲಿ ಏನೂ ಸಿಗುವುದಿಲ್ಲ. ತುಂಬಿದ ಜಲಾಶಯ ಗೇಟು ತೆರೆಯದಿದ್ದರೆ ಕಟ್ಟೆಗೇ ಅಪಾಯ. ತೆಗೆಯುವುದು ಧರ್ಮವೇ; ತೆಗೆಯುವುದಕ್ಕೂ ಒಂದು ಕ್ರಮ ಬೇಕು ಎಂಬಷ್ಟೇ ನನ್ನ ಮಾತು. ಯಂತ್ರ ಮಾಡುವವರಿಗೂ ಇದು ಹೊಳೆದಂತಿದೆ. ಐಪ್ಯಾಡುಗಳಲ್ಲಿ 2017ರಿಂದ, ಆಂಡ್ರಾಯ್ಡ್‌ನಲ್ಲಿ 2023ರಿಂದ, ಆಟವನ್ನು ತೆಗೆದು ಅದರೊಳಗಿನ ನಮ್ಮ ಕೆಲಸವನ್ನು ಉಳಿಸುವ ಏರ್ಪಾಟು ಬಂದಿದೆಯಂತೆ. ನಮ್ಮ ಹಳೆಯ ಯಂತ್ರಕ್ಕೆ ಆ ಭಾಗ್ಯವಿರಲಿಲ್ಲ. ಏರ್ಪಾಟು ಇದ್ದರೂ ಸಾಲದು. ಕಾಗದದ ಕಾಲದ ನಮ್ಮ ಕ್ರಮವೇ ಇಲ್ಲಿಗೂ ಸಲ್ಲುತ್ತದೆ: ಪಟ್ಟಿ ಮಾಡು, ಸಂಬಂಧಪಟ್ಟವರನ್ನು ಕೇಳು, ಸ್ವಲ್ಪ ಕಾಯಿ. ಇದಕ್ಕೆ ಇನ್ನೊಂದನ್ನು ಈಗ ಸೇರಿಸುತ್ತೇನೆ: ಮೊದಲು ನಿನ್ನದನ್ನು ತೆಗೆ.

ಏಕೆಂದರೆ ಆ ವಾರ ಹುಡುಗ ನನ್ನ ಪಕ್ಕದಲ್ಲಿ ಕುಳಿತು ಯಾವ ವಸ್ತು ಎಷ್ಟು ಜಾಗ ತಿಂದಿದೆ ಎಂಬ ಲೆಕ್ಕವನ್ನು ತೆರೆದು ತೋರಿಸಿದ. ನಾನು ಅಳಿಸುವ ಮೊದಲು ನೋಡಬೇಕಾಗಿದ್ದ ಪುಟ ಅದು. ಆಟಗಳದ್ದು 3 ಜಿಬಿ ಇತ್ತಷ್ಟೆ? ನನ್ನದು 11! ನನ್ನ ಹಿಂದಿನ ಫೋನು ಕೆಟ್ಟಾಗ ಅದರಲ್ಲಿದ್ದುದನ್ನೆಲ್ಲ ಮಗ ಈ ಟ್ಯಾಬ್ಲೆಟ್ಟಿಗೆ ತುಂಬಿಸಿದ್ದ: ನಾನು ನೋಡಿಯೂ ಇಲ್ಲದ ವಿಡಿಯೊಗಳು, ಹಬ್ಬದ ಶುಭಾಶಯಗಳು, ಸಕ್ಕರೆ ಕಾಯಿಲೆಗೆ ಮನೆಮದ್ದು, ಯಾರದೋ ಭಾಷಣ. ಓದಿನ ಜಾಗವನ್ನು ತಿಂದದ್ದು ಆಟವಲ್ಲ, ನನ್ನ ಸೋಮಾರಿತನ. ಅಳಿಸಲು ಕುಳಿತೆವು. ಕೈ ಅವನದು, ಅಪ್ಪಣೆ ನನ್ನದು. ಒಂದೊಂದಕ್ಕೂ ಅವನು ಕೇಳಿದ: "ಇದು ತಗೀಲೇನು ಮುತ್ಯಾ?" ತೆಗೆ, ತೆಗೆ, ತೆಗೆ.

ಮಧ್ಯದಲ್ಲಿ ಹೂವಿನ ಚಿತ್ರಗಳ ಒಂದು ಸಾಲು ಬಂದಿತು. ಗುಲಾಬಿ, ತಾವರೆ, ದಾಸವಾಳ. ಮೇಲೆ 'ಶುಭೋದಯ' ಎಂಬ ಅಕ್ಷರ. ನೂರಾರು ಇದ್ದವು. ನನ್ನೊಡನೆ ಕೆಲಸ ಮಾಡಿ ನಿವೃತ್ತರಾದ ಮೇಲೆ ಸುರಪುರದಲ್ಲಿ ನೆಲೆಸಿದ್ದ ಸ್ನೇಹಿತರೊಬ್ಬರು ದಿನಾ ಬೆಳಗ್ಗೆ ಕಳಿಸುತ್ತಿದ್ದವು. ಗುಡ್ಡದ ಮೇಲಿನ ಟೇಲರ್ ಮಂಜಿಲ್ ಕಡೆಗೆ ನಡೆದು ಬಂದು, ಚಹಾ ಕುಡಿದು, ಒಂದು ಹೂವನ್ನು ಕಳಿಸುವುದು ಅವರ ಕ್ರಮ. ಬದುಕಿದ್ದಾಗ ಅವನ್ನು ನಾನು ತೆರೆದು ನೋಡಿದವನಲ್ಲ. ದಿನಾ ಇದೇನು ಹುಚ್ಚು ಎಂದು ಗೊಣಗಿದ್ದೂ ಉಂಟು. 2021ರ ಮೇ ತಿಂಗಳಲ್ಲಿ ಹೂವು ಬರುವುದು ನಿಂತಿತು.

"ಇವು ಎಲ್ಲಾ ಒಂದೇ ನಮೂನಿ ಅದಾವ. ತಗೀಲೇನು?" ಎಂದ ಹುಡುಗ.

"ಬ್ಯಾಡಪ್ಪ. ಅವು ಇರಲಿ," ಎಂದೆ.

ಅವನು ನನ್ನ ಮುಖವನ್ನು ಒಮ್ಮೆ ನೋಡಿದ. ಏಕೆಂದು ಕೇಳಲಿಲ್ಲ. ಹೂವುಗಳನ್ನು ಬಿಟ್ಟು, ಮುಂದಿನದಕ್ಕೆ ಹೋಗಿ, ಬೆರಳನ್ನು ಎತ್ತಿ ಹಿಡಿದು, ಮತ್ತೆ ಅದೇ ಪ್ರಶ್ನೆ ಕೇಳಿದ.