ಹಾಳೂರಿನಲ್ಲಿ ನಿಂತು ಯಾರಿಗಾಗಿ ಅಳಬೇಕು?

ಹಾಳುಬಿದ್ದ ಊರೊಂದನ್ನು ಕಂಡಾಗ ಮನುಷ್ಯನ ಮನಸ್ಸಿನಲ್ಲಿ ಎರಡು ಪ್ರಶ್ನೆಗಳು ಹುಟ್ಟುತ್ತವೆ. ಇಲ್ಲಿದ್ದವರಿಗೆ ಏನಾಯಿತು ಎಂಬುದು ಮೊದಲನೆಯದು. ಅವರೇನು ಪಾಪ ಮಾಡಿದ್ದರೋ ಎಂಬುದು ಎರಡನೆಯದು. ಮೊದಲನೆಯದು ಇತಿಹಾಸದ ಪ್ರಶ್ನೆ, ಎರಡನೆಯದು ತೀರ್ಪಿನ ಪ್ರಶ್ನೆ. ಆ ತೀರ್ಪು ಕೊಡುವ ಅಧಿಕಾರ ನಮಗಿದೆಯೇ? ಒಂದೇ ದಿನದಲ್ಲಿ ಎರಡು ಬರಿದಾದ ಊರುಗಳನ್ನು ನೋಡಿ ಬಂದ ಮೇಲೆ ಈ ಪ್ರಶ್ನೆ ನನ್ನನ್ನು ಬಿಡದೆ ಕಾಡಿದೆ.

ನಾನೂ ನನ್ನ ಪತ್ನಿಯೂ ಉಮ್ರಾ ಮುಗಿಸಿ, ಸೌದಿ ಅರೇಬಿಯಾದಲ್ಲಿ ಉದ್ಯೋಗದಲ್ಲಿರುವ ಮಗನ ಮನೆಯಲ್ಲಿ ಕೆಲವು ದಿನ ಉಳಿದಿದ್ದೆವು. ಒಂದು ರಾತ್ರಿ ಊಟದ ವೇಳೆ ಮಗ ಹೇಳಿದ: "ಉಪ್ಪ, ಅಲ್ ಉಲಾಕ್ಕೆ ಹೋಗಿ ಬರೋಣ. ಮದಾಇನ್ ಸಾಲಿಹ್ ಅಲ್ಲಿಯೇ ಹತ್ತಿರ. ಬಸ್ಸಿನಲ್ಲಿ ಕರೆದೊಯ್ದು ಎಲ್ಲವನ್ನೂ ವಿವರಿಸಿ ಹೇಳುವವರಿದ್ದಾರೆ."

ನನ್ನ ಪತ್ನಿಯ ಕೈಯಲ್ಲಿದ್ದ ತುತ್ತು ಅಲ್ಲಿಯೇ ನಿಂತಿತು. "ಅದು ಅಲ್ಲಾಹನ ಶಿಕ್ಷೆ ಇಳಿದ ನೆಲವಲ್ಲವೇ ಮಗನೇ? ಅಲ್ಲಿಗೆ ಮೋಜಿಗೆಂದು ಹೋಗುವುದೇ?"

ಅವಳ ಆತಂಕಕ್ಕೆ ಆಧಾರವಿತ್ತು. ಹಿಜರಿ 9ರಲ್ಲಿ, ಅಂದರೆ ಕ್ರಿ.ಶ. 630ರಲ್ಲಿ, ಪ್ರವಾದಿ(ಸ) ತಬೂಕ್‌ಗೆ ಹೊರಟಾಗ ದಾರಿಯಲ್ಲಿ ಅಲ್ ಹಿಜ್ರ್ ಸಿಕ್ಕಿತು. ಅದು ಸಮೂದ್ ಜನಾಂಗದ ನೆಲ. ತಮ್ಮ ಮೇಲೆಯೇ ಅನ್ಯಾಯವೆಸಗಿಕೊಂಡ ಈ ಜನರ ನಿವಾಸಗಳನ್ನು ಅಳುತ್ತಲೇ ಹೊರತು ಪ್ರವೇಶಿಸಬಾರದು, ಅವರಿಗೆ ಬಂದದ್ದು ನಿಮಗೂ ಬಂದೀತು ಎಂದು ಪ್ರವಾದಿವರ್ಯರು(ಸ) ಸಹಾಬಿಗಳನ್ನು ಎಚ್ಚರಿಸಿದರು. ಬಳಿಕ ತಲೆಗೆ ವಸ್ತ್ರ ಮುಚ್ಚಿಕೊಂಡು ಆ ಕಣಿವೆಯನ್ನು ವೇಗವಾಗಿ ದಾಟಿದರು. ಅಲ್ಲಿನ ಬಾವಿಗಳ ನೀರಿನಿಂದ ಕಲಸಿದ್ದ ಹಿಟ್ಟನ್ನು ಒಂಟೆಗಳಿಗೆ ಹಾಕಿಸಿ, ಪ್ರವಾದಿ ಸಾಲಿಹ್(ಅ)ರ ಒಂಟೆ ಕುಡಿಯುತ್ತಿದ್ದ ಬಾವಿಯಿಂದ ಮಾತ್ರ ನೀರು ಸೇದಲು ಹೇಳಿದರು. ಹಝ್ರತ್ ಅಬ್ದುಲ್ಲಾ ಬಿನ್ ಉಮರ್(ರ) ಇದನ್ನು ವರದಿ ಮಾಡಿದ್ದಾರೆ.

ಇದರಿಂದಾಗಿ ಅಲ್ಲಿಗೆ ವಿಹಾರಕ್ಕೆ ಹೋಗುವುದು ತರವಲ್ಲವೆಂದು ಹೇಳುವ ವಿದ್ವಾಂಸರು ಅನೇಕರಿದ್ದಾರೆ. ಆದರೆ ಭೂಮಿಯಲ್ಲಿ ಸಂಚರಿಸಿ ಹಿಂದಿನವರ ಅಂತ್ಯವೇನಾಯಿತೆಂದು ನೋಡಿರಿ ಎಂದು ಕುರ್‌ಆನ್ ಮತ್ತೆ ಮತ್ತೆ ಕರೆ ಕೊಡುತ್ತದೆ. ಈ ಎರಡರ ನಡುವೆ ವಿರೋಧವಿಲ್ಲ. ನೋಡಬೇಕು, ಆದರೆ ನೋಡುವ ಕಣ್ಣು ಬೇರೆಯಾಗಿರಬೇಕು. ಕೊನೆಗೆ ನಾವು ಒಂದು ಒಪ್ಪಂದಕ್ಕೆ ಬಂದೆವು. ಹೊರಡುವ ಹಿಂದಿನ ರಾತ್ರಿ ಸೂರಃ ಅಲ್ ಹಿಜ್ರ್ ಅನ್ನು ಅರ್ಥಸಹಿತ ಓದುವುದು, ಅಲ್ಲಿ ತಿನ್ನದಿರುವುದು, ಕುಡಿಯದಿರುವುದು, ನಕ್ಕು ನಲಿದು ಫೋಟೋ ತೆಗೆಸಿಕೊಳ್ಳದಿರುವುದು. ಈ ಷರತ್ತಿನ ಮೇಲೆ ನನ್ನ ಪತ್ನಿ ಒಪ್ಪಿದಳು.

ಅಲ್ ಉಲಾ ಮದೀನಾದಿಂದ ಉತ್ತರಕ್ಕೆ ಸುಮಾರು 300 ಕಿಲೋಮೀಟರ್ ದೂರದಲ್ಲಿದೆ. ಅಲ್ಲಿಂದ ಇನ್ನೂ 20 ಕಿಲೋಮೀಟರ್ ಉತ್ತರಕ್ಕೆ ಅಲ್ ಹಿಜ್ರ್. ಇಂದು ಪ್ರವಾಸಿಗಳಿಗೆ ಅದನ್ನು ಹೆಗ್ರಾ ಎಂಬ ಹೆಸರಿನಲ್ಲಿ ತೋರಿಸಲಾಗುತ್ತದೆ. ಮರಳಿನ ಬಯಲಿನಲ್ಲಿ ಅಲ್ಲಲ್ಲಿ ಎದ್ದು ನಿಂತ ಕೆಂಪು ಬಂಡೆಗಳು. ಅವುಗಳ ಮುಖವನ್ನು ನಯವಾಗಿ ಕಡೆದು ಬಾಗಿಲು, ಕಂಬ, ಮೆಟ್ಟಿಲಿನಾಕಾರದ ಶಿಖರಗಳನ್ನು ಬಿಡಿಸಿದ್ದಾರೆ. ಯುನೆಸ್ಕೋ 2008ರಲ್ಲಿ ಇದನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಆ ಪಟ್ಟಿಗೆ ಸೇರಿದ ಸೌದಿ ಅರೇಬಿಯಾದ ಮೊದಲ ತಾಣ ಇದು.

ಮಾರ್ಗದರ್ಶಕ ಅಲ್ ಉಲಾದವನೇ ಆದ ತರುಣ. ಅವನ ಮೊದಲ ಮಾತಿಗೇ ನನ್ನ ಪತ್ನಿ ಬೆಚ್ಚಿದಳು. ನೀವು ನೋಡುತ್ತಿರುವುದು ಮನೆಗಳಲ್ಲ, ಸಮಾಧಿಗಳು. ಇವನ್ನು ಕೊರೆದವರು ನಬತೀಯರು ಎಂದು ಅವನು ಹೇಳಿದ. ಹಾಗಾದರೆ ಇದು ಸಮೂದರ ನೆಲವಲ್ಲವೇ ಎಂದು ಅವಳು ನನ್ನತ್ತ ನೋಡಿದಳು. ಇದರಲ್ಲಿ ಗಲಿಬಿಲಿಗೆ ಕಾರಣವಿಲ್ಲ. ನೆಲ ಒಂದೇ, ಅದರ ಮೇಲೆ ಬಾಳಿದವರು ಹಲವರು. ಸಮೂದರ ಹೆಸರು ಕ್ರಿ.ಪೂ. 8ನೆಯ ಶತಮಾನದ ಅಸ್ಸೀರಿಯಾದ ಅರಸ ಎರಡನೆಯ ಸರ್ಗೋನನ ಶಾಸನಗಳಲ್ಲಿಯೂ ಬಂದಿದೆ. ನಬತೀಯರು ಇಲ್ಲಿ ಸಮಾಧಿಗಳನ್ನು ಕೊರೆದದ್ದು ಅದಕ್ಕಿಂತ ಬಹಳ ತರುವಾಯ, ಕ್ರಿ.ಶ. ಒಂದನೆಯ ಶತಮಾನದಲ್ಲಿ. ಮಹಾ ಸಮಾಧಿಗಳು 111. ಅವುಗಳಲ್ಲಿ 94 ಅಲಂಕೃತವಾದವು. ಒಂದು ಜನಾಂಗ ಅಳಿದ ನೆಲದಲ್ಲಿ ಇನ್ನೊಂದು ಜನಾಂಗ ಬಂದು ಅದೇ ನಿಶ್ಚಿಂತೆಯಿಂದ ಬಂಡೆಗೆ ಉಳಿ ಹಿಡಿಯಿತು. ಕ್ರಿ.ಶ. 106ರಲ್ಲಿ ರೋಮನರು ಅವರ ರಾಜ್ಯವನ್ನೂ ನುಂಗಿದರು.

ಹಲವು ಸಮಾಧಿಗಳ ಬಾಗಿಲ ಮೇಲೆ ಬರಹಗಳಿವೆ. ಇದು ಇಂಥವನದು, ಅವನ ಮಕ್ಕಳದು, ಅವರ ಸಂತತಿಯದು. ಇದನ್ನು ಮಾರುವವನ ಮೇಲೆ, ಕೊಳ್ಳುವವನ ಮೇಲೆ, ಒತ್ತೆ ಇಡುವವನ ಮೇಲೆ ಶಾಪವಿರಲಿ. ಅವನು ಇಷ್ಟು ದಂಡ ತೆರಲಿ. ಇದೇ ಅವುಗಳ ಒಕ್ಕಣೆ. ನಮ್ಮೂರಿನ ಆಸ್ತಿಪತ್ರಗಳನ್ನು ಓದಿದಂತೆಯೇ ಇತ್ತು. ಕರಾರು ಕಲ್ಲಿನ ಮೇಲೆ ಇನ್ನೂ ಅಚ್ಚಳಿಯದೆ ಇದೆ. ಆದರೆ ಒಳಗಿನ ಕೋಣೆ ಬರಿದು. ಒಡೆಯನೂ ಇಲ್ಲ, ವಾರಸುದಾರನೂ ಇಲ್ಲ.

ಕೊನೆಗೆ ಕಸ್ರ್ ಅಲ್ ಫರೀದ್ ಎದುರು ನಿಂತೆವು. ಒಂಟಿ ಬಂಡೆಯಲ್ಲಿ ಕೊರೆದ, ಸುಮಾರು 70 ಅಡಿ ಎತ್ತರದ ಸಮಾಧಿ. ಇವನ್ನು ಮೇಲಿನಿಂದ ಕೆಳಕ್ಕೆ ಕೊರೆಯುತ್ತಿದ್ದರು. ಇದರ ಮೇಲ್ಭಾಗ ಕನ್ನಡಿಯಂತೆ ನಯವಾಗಿದೆ, ಕೆಳಭಾಗ ಒರಟಾಗಿಯೇ ಉಳಿದಿದೆ. ಉಳಿಯ ಗುರುತುಗಳು ನಿನ್ನೆ ಮೂಡಿದಂತೆ ಕಾಣುತ್ತವೆ. ಕೆಲಸ ಮುಗಿಯಲೇ ಇಲ್ಲ.

ಅಲ್ಲಿ ನಿಂತಾಗ ಸಮೂದರ ಕಥೆ ನೆನಪಾಯಿತು. ಅವರ ಪರೀಕ್ಷೆ ಯಾವುದಾಗಿತ್ತು? ಒಂದು ಒಂಟೆಯ ನೀರಿನ ಪಾಳಿ! ಒಂದು ದಿನ ಅದಕ್ಕೆ, ಒಂದು ದಿನ ನಿಮಗೆ ಎಂದು ಸಾಲಿಹ್(ಅ) ಹೇಳಿದ್ದರು. ಪರ್ವತಗಳನ್ನು ಕೊರೆಯಬಲ್ಲ ಜನರಿಗೆ ಒಂದು ಮೂಕಪ್ರಾಣಿಯ ಪಾಲಿನ ನೀರನ್ನು ಬಿಟ್ಟುಕೊಡಲಾಗಲಿಲ್ಲ. ಆ ಪಟ್ಟಣದಲ್ಲಿ ಕ್ಷೋಭೆ ಹರಡುತ್ತಿದ್ದ ನಾಯಕರು ಕೇವಲ ಒಂಬತ್ತು ಮಂದಿ ಎಂದು ಕುರ್‌ಆನ್ ತಿಳಿಸುತ್ತದೆ. ಆದರೂ ನಾಶವಾದದ್ದು ಇಡೀ ಜನಾಂಗ. ಸಾಲಿಹ್(ಅ) ಮತ್ತು ಅವರ ಜೊತೆಗಿದ್ದ ವಿಶ್ವಾಸಿಗಳು ಮಾತ್ರ ಪಾರಾದರು. ಒಂಬತ್ತು ಮಂದಿಯ ಕೈ, ಉಳಿದವರ ಸಮ್ಮತಿ. ಇಷ್ಟು ಸಾಕಲ್ಲವೇ ಒಂದು ಊರು ಮುಳುಗಲು?

ಮಧ್ಯಾಹ್ನ ಬಸ್ಸು ನಮ್ಮನ್ನು ಅಲ್ ಉಲಾದ ಹಳೆಯ ಪೇಟೆಗೆ ಕರೆತಂದಿತು. ಗುಡ್ಡದ ಬುಡದಲ್ಲಿ ಕಲ್ಲು ಮತ್ತು ಮಣ್ಣಿನ ಇಟ್ಟಿಗೆಯ ನೂರಾರು ಮನೆಗಳು. ಒಂದರ ಗೋಡೆ ಇನ್ನೊಂದಕ್ಕೆ ಆನಿಕೊಂಡಿದೆ. ಹೊರಸಾಲಿನ ಮನೆಗಳೇ ಊರಿಗೆ ಕೋಟೆಗೋಡೆ. ಓಣಿಗಳು ಇಕ್ಕಟ್ಟು, ಹಲವೆಡೆ ಅವುಗಳ ಮೇಲೆಯೇ ಕೋಣೆಗಳು. ಒಂದು ಭಾಗವನ್ನು ದುರಸ್ತಿ ಮಾಡಿ ಅಂಗಡಿಗಳಿಗೆ ಕೊಟ್ಟಿದ್ದಾರೆ. ಉಳಿದೆಡೆ ಮಾಡು ಕುಸಿದಿದೆ, ಖರ್ಜೂರದ ತೊಲೆಗಳು ಜೋತುಬಿದ್ದಿವೆ.

ಬೆಳಗಿನ ಗುಂಗಿನಲ್ಲಿಯೇ ಇದ್ದ ನಾನು ನಿಟ್ಟುಸಿರಿಟ್ಟು ಹೇಳಿದೆ: "ಇವರೂ ಏನು ಮಾಡಿದ್ದರೋ!"

ಮಗ ಅದನ್ನು ಅರಬಿಯಲ್ಲಿ ಮಾರ್ಗದರ್ಶಕನಿಗೆ ಹೇಳಿಬಿಟ್ಟ. ತರುಣ ನೊಂದುಕೊಳ್ಳಲಿಲ್ಲ. ಒಂದು ಮುರಿದ ಬಾಗಿಲನ್ನು ತೋರಿಸಿ, "ನನ್ನ ಅಜ್ಜಿ ಹುಟ್ಟಿದ್ದು ಇಂಥದೊಂದು ಮನೆಯಲ್ಲಿ" ಎಂದ. ಶಿಕ್ಷೆಯೂ ಬಂದಿರಲಿಲ್ಲ, ಶತ್ರುವೂ ಬಂದಿರಲಿಲ್ಲ. ಪಕ್ಕದಲ್ಲಿಯೇ ಹೊಸ ಪೇಟೆ ಎದ್ದಿತು. ಅಲ್ಲಿ ವಿದ್ಯುತ್ತು, ನಳ್ಳಿನೀರು, ಕಾರು ಹೋಗುವ ರಸ್ತೆ. ಒಂದೊಂದೇ ಸಂಸಾರ ಗಂಟುಮೂಟೆ ಕಟ್ಟಿಕೊಂಡು ಅಲ್ಲಿಗೆ ಹೋಯಿತು. 1980ರ ದಶಕದಲ್ಲಿ ಕೊನೆಯ ಮನೆಯೂ ಖಾಲಿಯಾಯಿತು. ಅಷ್ಟೇ.

ನನಗೆ ನಾಚಿಕೆಯಾಯಿತು. ಆ ಊರಿನ ಬಗ್ಗೆ ನಾನು ಓದಿದ್ದ ಒಂದು ವಿಷಯ ಆಗ ನೆನಪಿಗೆ ಬಂದು ನಾಚಿಕೆ ಇಮ್ಮಡಿಯಾಯಿತು. 1326ರಲ್ಲಿ ಪ್ರವಾಸಿ ಇಬ್ನು ಬತೂತ ದಮಾಸ್ಕಸ್ಸಿನ ಹಜ್ಜ್ ತಂಡದೊಂದಿಗೆ ಈ ದಾರಿಯಾಗಿ ಬಂದಿದ್ದರು. ಅಲ್ ಹಿಜ್ರ್‌ನ ಬಾವಿಯಲ್ಲಿ ನೀರು ಹೇರಳವಾಗಿದ್ದರೂ, ಎಷ್ಟೇ ಬಾಯಾರಿಕೆಯಾದರೂ ಯಾತ್ರಿಕರು ಅದನ್ನು ಮುಟ್ಟುತ್ತಿರಲಿಲ್ಲವೆಂದು ಅವರು ಬರೆದಿದ್ದಾರೆ. ಬಳಿಕ ಅಲ್ ಉಲಾಕ್ಕೆ ಬಂದು ಯಾತ್ರಿಕರು ನಾಲ್ಕು ದಿನ ತಂಗುತ್ತಿದ್ದರು, ಬಟ್ಟೆ ಒಗೆದುಕೊಳ್ಳುತ್ತಿದ್ದರು. ಹೆಚ್ಚಿನ ಸಾಮಾನುಗಳನ್ನು ಊರವರ ಬಳಿ ಬಿಟ್ಟು, ಬೇಕಾದಷ್ಟನ್ನು ಮಾತ್ರ ಹೊತ್ತು ಮುಂದೆ ಹೋಗುತ್ತಿದ್ದರು. ಏಕೆಂದರೆ ಆ ಊರಿನವರು ನಂಬಿಗಸ್ಥರು.

ಓದುಗ ಸಹೋದರ ಸಹೋದರಿಯರೇ, ಯೋಚಿಸಿ ನೋಡಿ. ಬೆಳಿಗ್ಗೆ ನಾವು ನೋಡಿದ ಬಂಡೆಗಳ ಮೇಲೆ ಒಡೆಯರ ಹೆಸರುಗಳಿದ್ದವು, "ನನ್ನದು, ನನ್ನದು" ಎಂಬ ಘೋಷಣೆಯಿತ್ತು. ಈ ಕುಸಿದ ಮಣ್ಣಿನ ಮನೆಗಳವರು ಪರರ ವಸ್ತುವನ್ನು "ಇದು ನನ್ನದಲ್ಲ" ಎಂದು ಕಾದಿಟ್ಟು ಹಿಂದಿರುಗಿಸಿದವರು. ಅವರ ಮನೆ ಉಳಿಯಲಿಲ್ಲ, ಅಮಾನತ್ತಿನ ಸಾಕ್ಷ್ಯ ಏಳುನೂರು ವರ್ಷಗಳಿಂದ ಉಳಿದಿದೆ. ಅಂಥವರ ಹೊಸ್ತಿಲಲ್ಲಿ ನಿಂತು ನಾನು ಪಾಪದ ಲೆಕ್ಕ ಕೇಳಿದ್ದೆ!

ಸಮೂದರು ಶಿಕ್ಷೆಗೊಳಗಾದವರೆಂದು ನಮಗೆ ಗೊತ್ತಿರುವುದು ಅವರ ಊರು ಹಾಳಾದುದರಿಂದಲ್ಲ. ಅಲ್ಲಾಹನು ನಮಗೆ ತಿಳಿಸಿದುದರಿಂದ. ಉಳಿದ ಹಾಳೂರುಗಳ ಬಗ್ಗೆ, ಉರುಳಿದ ಮನೆಗಳ ಬಗ್ಗೆ, ಮುಳುಗಿದ ವ್ಯಾಪಾರಗಳ ಬಗ್ಗೆ ನಮಗೆ ಯಾವ ದಿವ್ಯವಾಣಿಯೂ ಬಂದಿಲ್ಲ. ಸಂತಾನ, ಸಂಪತ್ತು, ಆರೋಗ್ಯವನ್ನೆಲ್ಲ ಕಳೆದುಕೊಂಡ ಅಯ್ಯೂಬ್(ಅ) ಅಲ್ಲಾಹನ ಪ್ರವಾದಿಯಾಗಿದ್ದರು. ಸ್ವರ್ಗದ ಸುವಾರ್ತೆ ಪಡೆದ ಹತ್ತು ಮಂದಿಯಲ್ಲೊಬ್ಬರಾದ ಹಝ್ರತ್ ಅಬೂ ಉಬೈದಾ(ರ) ಅಮ್ವಾಸ್‌ನ ಪ್ಲೇಗಿನಲ್ಲಿ ಮರಣ ಹೊಂದಿದರು. ಹೊರಗಿನ ನಾಶವನ್ನೇ ನೋಡಿ ತೀರ್ಪು ಕೊಡುವವನು ಇವರ ಬಗ್ಗೆ ಏನು ಹೇಳಿಯಾನು? ಇದೇ ರೀತಿ, ನಿಂತಿರುವ ಮಹಡಿ ಮನೆ ಅಲ್ಲಾಹನ ಸಂತೃಪ್ತಿಗೆ ಪುರಾವೆಯಲ್ಲ. ಸಮೂದರ ಮನೆಗಳೂ ಆ ಮುಂಜಾವಿನ ತನಕ ಗಟ್ಟಿಯಾಗಿಯೇ ನಿಂತಿದ್ದವು.

ಇಲ್ಲಿ ನಾನೊಂದು ತಪ್ಪನ್ನು ಒಪ್ಪಿಕೊಳ್ಳಬೇಕು. ಕೆಲವು ವರ್ಷಗಳ ಹಿಂದೆ ನಮ್ಮೂರಿನ ಒಬ್ಬರು ಚೆನ್ನಾಗಿ ನಡೆಯುತ್ತಿದ್ದ ಅಂಗಡಿಯನ್ನು ಇದ್ದಕ್ಕಿದ್ದಂತೆ ಮಾರಿದರು. ಮಸೀದಿಯ ಅಂಗಳದಲ್ಲಿ ನಾಲ್ಕು ಜನರ ಎದುರು ನಾನು ಅಂದೆ: "ಹರಾಮಿನ ಹಣ ಎಲ್ಲಿ ನಿಲ್ಲುತ್ತದೆ?" ಅವರ ಗಳಿಕೆಯ ಬಗ್ಗೆ ನನಗೆ ಏನೂ ಗೊತ್ತಿರಲಿಲ್ಲ. ಅಂಗಡಿ ಮುಚ್ಚಿದ್ದೇ ನನಗೆ ಪುರಾವೆಯಾಗಿತ್ತು. ನೆರೆಹೊರೆಯ ವಿಧವೆಯರು, ಗಲ್ಫಿನ ದುಡಿಮೆಗಾರರು ಅವರಲ್ಲಿ ಹಣ ಇಡುತ್ತಿದ್ದರೆಂದೂ, ಅವರ ತಮ್ಮ ಅದನ್ನು ಕಳೆದಾಗ ಎಲ್ಲರಿಗೂ ಮರಳಿಸಲೆಂದೇ ಅಂಗಡಿ ಮಾರಿದರೆಂದೂ ಬಹಳ ಸಮಯದ ಬಳಿಕ ತಿಳಿಯಿತು. ತಿಳಿದ ಮೇಲೂ ನಾನು ಸುಮ್ಮನಿದ್ದೆ. ಅಂದ ಮಾತು ನಾಲ್ಕು ಜನರಲ್ಲಿ ಹಾಗೆಯೇ ಉಳಿದಿತ್ತು.

ಅಲ್ ಉಲಾದ ಆ ಮುರಿದ ಬಾಗಿಲ ಮುಂದೆ ನನಗೆ ನೆನಪಾದದ್ದು ಅವರ ಅಂಗಡಿಯ ಮುಚ್ಚಿದ ಬಾಗಿಲು. ಬೆಳಿಗ್ಗೆ ಸಮೂದರ ನೆಲದಲ್ಲಿ ಬರದಿದ್ದ ಕಣ್ಣೀರು ಆಗ ಬಂತು.

ಅಳುತ್ತಾ ಪ್ರವೇಶಿಸಿರಿ ಎಂಬ ಪ್ರವಾದಿ(ಸ)ರ ಆದೇಶದ ತಿರುಳು ನನಗೆ ಅಂದು ಸ್ವಲ್ಪ ತಿಳಿಯಿತು. ಅವರಿಗೆ ಬಂದದ್ದು ನಿಮಗೂ ಬಂದೀತು ಎಂದು ಅವರು ಕಾರಣ ಹೇಳಿದ್ದರಲ್ಲವೇ? ಆ ಅಳು ಹಿಂದಿನವರಿಗಾಗಿ ಅಲ್ಲ. ಅಳುವವನು ತನ್ನನ್ನು ನೋಡುತ್ತಾನೆ: ನನ್ನ ಬಾಳಿನಲ್ಲಿ ಯಾರ ಪಾಲಿನ ನೀರನ್ನು ತಡೆದಿದ್ದೇನೆ? ಯಾವ ಒಂಬತ್ತು ಮಂದಿಯ ಕೇಡಿಗೆ ನನ್ನ ಮೌನ ಸಮ್ಮತಿಯಾಗಿದೆ? ಯಾರ ಮಾನವನ್ನು ಅಂಗಳದಲ್ಲಿ ಕೊಂದಿದ್ದೇನೆ? ತೀರ್ಪು ಕೊಡುವವನ ಕಣ್ಣು ಒಣಗಿರುತ್ತದೆ, ಅದು ಇತರರನ್ನು ಮಾತ್ರ ನೋಡುತ್ತದೆ.

ಊರಿಗೆ ಮರಳಿದ ವಾರವೇ ಅವರ ಮನೆಗೆ ಹೋಗಿ ಕ್ಷಮೆ ಕೇಳಿದೆ. ಅವರು ಬಹಳ ಹೊತ್ತು ಮಾತನಾಡಲಿಲ್ಲ. ಬಳಿಕ, "ನೀವು ಆಡಿದ ಮಾತು ಆ ದಿನವೇ ನನಗೆ ಮುಟ್ಟಿತ್ತು. ಎಂದಾದರೂ ಬರುತ್ತೀರೆಂದು ಕಾಯುತ್ತಿದ್ದೆ" ಎಂದರು. ಮುಂದಿನ ಶುಕ್ರವಾರ ಅದೇ ಅಂಗಳದಲ್ಲಿ ಆ ನಾಲ್ವರಲ್ಲಿ ಮೂವರಿಗೆ ಸತ್ಯವನ್ನು ಹೇಳಿದೆ. ನಾಲ್ಕನೆಯವರು ಅಷ್ಟರಲ್ಲಿ ತೀರಿಕೊಂಡಿದ್ದರು. ಅವರು ಆ ಸುಳ್ಳನ್ನೇ ನಿಜವೆಂದು ನಂಬಿ ಹೋದರು. ಅದರ ಲೆಕ್ಕ ನನ್ನ ಮೇಲಿದೆ.

ನಮ್ಮ ಮನೆಗಳೂ ಒಂದು ದಿನ ಬರಿದಾಗಲಿವೆ. ಅಂದು ಅಲ್ಲಿ ಸಾಗುವವನು ಏನು ಹೇಳುತ್ತಾನೋ ನಮಗೆ ತಿಳಿಯದು. ನಮ್ಮ ಬಳಿ ಇಟ್ಟದ್ದನ್ನು, ಅದು ಹಣವಾಗಲಿ, ಮಾನವಾಗಲಿ, ಇಟ್ಟವರಿಗೆ ಮರಳಿಸಿ ಹೊರಡುವ ಸೌಭಾಗ್ಯವನ್ನು ಅಲ್ಲಾಹನು ನಮಗೆಲ್ಲ ಕರುಣಿಸಲಿ.