ಸಿನಿಮಾ ಎಲ್ಲಿ ಮುಗಿಯಬೇಕು?

1948ರ ಸೆಪ್ಟೆಂಬರ್ 13ರಂದು ಭಾರತದ ಸೇನೆ ಹೈದರಾಬಾದ್ ಸಂಸ್ಥಾನದೊಳಕ್ಕೆ ಬಂತು. 17ಕ್ಕೆ ನಿಜಾಮರು ಕದನವಿರಾಮ ಸಾರಿದರು, ಮರುದಿನ ಅವರ ಸೈನ್ಯ ಶರಣಾಯಿತು. ಟ್ಯಾಂಕು, ವಿಮಾನಗಳಿದ್ದ ಈ ಯುದ್ಧಕ್ಕೆ ಸಿಕ್ಕ ಹೆಸರು ಮಾತ್ರ 'ಪೊಲೀಸ್ ಆಕ್ಷನ್'. ನಮ್ಮ ಸೇಡಂ, ಚಿತ್ತಾಪುರ, ಚಿಂಚೋಳಿ ಕಡೆ ಈಗಲೂ ಹಾಗೇ ಕರೆಯುತ್ತಾರೆ.

ಇದರ ಮೇಲೊಂದು ಸಾಕ್ಷ್ಯಚಿತ್ರ ಮಾಡಲು ನಾನೂ ಇಬ್ಬರು ಗೆಳೆಯರೂ ಹೊರಟೆವು. ವಾಡಿ ಜಂಕ್ಷನ್ನಿನ ರೈಲು, ಶಹಾಬಾದಿನ ಕಲ್ಲುಗಣಿ ಎಲ್ಲ ಚಿತ್ರೀಕರಿಸಿದೆವು. ಕಥೆಯ ಮೊದಲರ್ಧ ಕಷ್ಟವಾಗಲಿಲ್ಲ. ಖಾಸಿಂ ರಜ್ವಿಯ ರಜಾಕಾರರು, ಬೀದರ ಜಿಲ್ಲೆಯ ಗೋರ್ಟಾದಲ್ಲಿ ಅವರು ನಡೆಸಿದ ಕೊಲೆಗಳು, ಸ್ವಾಮಿ ರಮಾನಂದ ತೀರ್ಥರ ಹೋರಾಟ. ಹೇಳಲೇಬೇಕಾದ ಸಂಗತಿಗಳೇ ಅವು.

ಚಿತ್ತಾಪುರ ತಾಲ್ಲೂಕಿನ ಒಂದು ಹಳ್ಳಿಯಲ್ಲಿ ಎಂಬತ್ತಾರರ ಅಜ್ಜಿಯೊಬ್ಬರು, ರಜಾಕಾರರಿಗೆ ಹೆದರಿ ಜೋಳದ ಹೊಲದಲ್ಲಿ ರಾತ್ರಿ ಕಳೆದದ್ದನ್ನು ಹೇಳಿದರು. "ಆಮ್ಯಾಲ ಏನಾತು, ಆಯಿ?" ಎಂದೆ.

"ಕ್ಯಾಮೆರಾ ಬಂದ್ ಮಾಡು, ತಮ್ಮಾ."

ಮಾಡಿದೆ. "ಮಿಲಿಟರಿ ಬಂದ ಮ್ಯಾಲ ಬಾಜೂ ಮನಿ ಸಾಬರ ಬಾಗಿಲಾ ಒಡದ್ರು. ಅವರೇನು ರಜಾಕಾರರಲ್ಲ. ಒಡದವರು ಯಾರಂತ ನನಗ ಗೊತ್ತದ. ಅವರ ಮೊಮ್ಮಕ್ಕಳು ಇಲ್ಲೇ ಅದಾರ" ಎಂದು ಸುಮ್ಮನಾದರು.

ಆ ತಿಂಗಳುಗಳಲ್ಲಿ ಏನಾಯಿತೆಂದು ತಿಳಿಯಲು ಸರ್ಕಾರವೇ ಪಂಡಿತ ಸುಂದರಲಾಲರ ಸಮಿತಿಯನ್ನು ಕಳಿಸಿತ್ತು. ಸೇನಾ ಕಾರ್ಯಾಚರಣೆಯ ವೇಳೆ ಮತ್ತು ಆನಂತರ ಸಂಸ್ಥಾನದಲ್ಲಿ ಸತ್ತವರು 27,000ದಿಂದ 40,000 ಎಂದು ಅದು ಅಂದಾಜಿಸಿತು; ಬಹುಪಾಲು ಮುಸ್ಲಿಮರು. ಅತಿ ಹೆಚ್ಚು ನೊಂದ ನಾಲ್ಕು ಜಿಲ್ಲೆಗಳಲ್ಲಿ ನಮ್ಮ ಗುಲ್ಬರ್ಗವೂ ಒಂದು. ವರದಿ ದಶಕಗಳ ಕಾಲ ಬೆಳಕು ಕಾಣಲಿಲ್ಲ.

"17ಕ್ಕೆ ಮುಗಿಸೋಣ. ಬಾವುಟ ಏರಲಿ, ಜನ ಚಪ್ಪಾಳೆ ಹೊಡೀತಾರೆ. ಮುಂದೆ ಹೋದರೆ ರಜಾಕಾರರ ಪರ ಅಂತಾರೆ" ಎಂದ ಗೆಳೆಯ. ಅವನ ಭಯ ಸುಳ್ಳಲ್ಲ. ಆದರೆ ಚಿತ್ರದ ಕೊನೆಯ ದೃಶ್ಯವೇ ಒಂದು ತೀರ್ಪು. ಬಾವುಟದಲ್ಲಿ ಮುಗಿಸಿದರೆ, ಆಮೇಲೆ ಸತ್ತವರು ಲೆಕ್ಕಕ್ಕಿಲ್ಲ ಎಂದಂತೆ. ಗೋರ್ಟಾದ ಸಾವನ್ನು ಪಕ್ಕದ ಮನೆಯವರ ಸಾವಿಗೆ ವಜಾ ಹಾಕಲು ಬರುವುದಿಲ್ಲ. ಎರಡನ್ನೂ ಪೂರ್ತಿ ಬರೆಯಬೇಕು.

ಹಾಗಾದರೆ ಅಜ್ಜಿಯ ಮಾತು? ಅವರ ಹೆಸರು, ಊರು, ಮುಖ ಚಿತ್ರದಲ್ಲಿ ಬರುವುದಿಲ್ಲ. ಬದುಕಿರುವವರ ನಡುವೆ ನಾಳೆಯೂ ಇರಬೇಕಾದವರು ಅವರು, ನಾನಲ್ಲ. ಸತ್ಯ ಹೇಳುವ ಧೈರ್ಯವನ್ನು ಇನ್ನೊಬ್ಬರ ಖರ್ಚಿನಲ್ಲಿ ತೋರಿಸಬಾರದು. ಅದಕ್ಕೆ ಸಮಿತಿಯ ವರದಿಯಿದೆ. ಹಿಂದೂ ನೇಕಾರರು ತಮ್ಮ ಜೊತೆಗಾರ ಮುಸ್ಲಿಂ ನೇಕಾರರನ್ನು ಕಾಪಾಡಿದ ಸಂಗತಿಯೂ ಅದೇ ವರದಿಯಲ್ಲಿದೆ. ನಮ್ಮ ಚಿತ್ರ ಅಲ್ಲಿಯವರೆಗಾದರೂ ಹೋಗಬೇಕು.

ಹೊರಡುವಾಗ ಅಜ್ಜಿ ಕೇಳಿದ್ದರು: "ಸಿನಿಮಾದಾಗ ಇದು ಬರತದೇನು?" ಬರಬಾರದೆಂದು ಕೇಳಿದರೋ, ಬರಲಿ ಎಂದು ಕೇಳಿದರೋ, ನನಗಿನ್ನೂ ತಿಳಿದಿಲ್ಲ.