ನೀರಿಗೆ ಬೆನ್ನು ಹಾಕಿದವರು

ಶೃಂಗೇರಿಯ ಕಿಗ್ಗದ ಹತ್ತಿರ ಸಿರಿಮನೆ ಜಲಪಾತವಿದೆ. ಮಳೆಗಾಲದಲ್ಲಿ ಅಲ್ಲಿಗೆ ಬಂದವರಲ್ಲಿ ಬಹಳ ಮಂದಿ ನೀರಿಗೆ ಬೆನ್ನು ಹಾಕಿ ನಿಂತಿರುವುದನ್ನು ಕಂಡಿದ್ದೇನೆ. ಸೆಲ್ಫಿಗೆ ಬೇರೆ ದಾರಿಯಿಲ್ಲ. ಯಾವುದರ ಜೊತೆ ಪಟ ಬೇಕೋ ಅದಕ್ಕೇ ಬೆನ್ನು ತೋರಿಸಬೇಕು. ಪೇಟೆಯಲ್ಲಿ ತುಂಗೆಯ ಮೆಟ್ಟಿಲ ಬಳಿ ಮೀನುಗಳು ಕಾಲ ಹತ್ತಿರವೇ ಬರುತ್ತವೆ, ನಾವು ಅವನ್ನೂ ಪರದೆಯಲ್ಲೇ ನೋಡುತ್ತೇವೆ. ಇದರಿಂದ ಯಾರಿಗೇನು ನಷ್ಟ? ಇದು ಬರೀ ಅಭಿರುಚಿಯ ಪ್ರಶ್ನೆಯೋ, ನೀತಿಯ ಪ್ರಶ್ನೆಯೋ?

ಮೊಬೈಲನ್ನು ಬೈದು ಮುಗಿಸುವುದು ಸುಲಭ. ಆದರೆ 2020ರ ಲಾಕ್‌ಡೌನಿನಲ್ಲಿ ಮಲೆನಾಡಿನ ಮಕ್ಕಳು ಆನ್‌ಲೈನ್ ಪಾಠಕ್ಕಾಗಿ ಸಿಗ್ನಲ್ ಹುಡುಕುತ್ತ ಗುಡ್ಡ ಹತ್ತಿದ್ದರು. ಕೊಪ್ಪದ ಕಡೆಯ ಒಂಟಿಮನೆಯಲ್ಲಿ ನಡುರಾತ್ರಿ ಯಾರಿಗಾದರೂ ಎದೆನೋವು ಬಂದರೆ ನೆಟ್‌ವರ್ಕ್ ಜೀವದ ಮಾತು. 'ಕಾಡಲ್ಲಿ ಸಿಗ್ನಲ್ ಇಲ್ಲದಿದ್ದರೇ ಚೆಂದ' ಎಂದು ಹೋಂಸ್ಟೇಯಲ್ಲಿ ಎರಡು ದಿನವಿದ್ದು ಹೋಗುವವರು ಹೇಳಬಹುದು. ಅಲ್ಲೇ ಬದುಕುವವರ ಮುಂದೆ ಆ ಮಾತು ಕ್ರೂರ.

ಉಪಕರಣವೇ ತಪ್ಪು ಎನ್ನುವುದಾದರೆ ಪೂರ್ಣಚಂದ್ರ ತೇಜಸ್ವಿಯವರನ್ನು ಎಲ್ಲಿಡೋಣ? ಇದೇ ಜಿಲ್ಲೆಯ ಮೂಡಿಗೆರೆಯಲ್ಲಿದ್ದು ಅವರು ಕ್ಯಾಮೆರಾ ಹಿಡಿದು ಹಕ್ಕಿಗಳ ಹಿಂದೆ ಅಲೆದವರು. ಹಕ್ಕಿಯ ಒಳ್ಳೆಯ ಪಟ ಬೇಕೆಂದರೆ ಅದು ಎಲ್ಲಿ ಕೂರುತ್ತದೆ, ಮರಿಗೆ ಯಾವಾಗ ಗುಟುಕು ತರುತ್ತದೆ ಎಂದು ತಿಳಿದಿರಬೇಕು, ಅದರ ಹೊತ್ತಿಗೆ ನಾವು ಕಾಯಬೇಕು. ಇಂದು ನಮ್ಮ ಫೋನಿಗೆ ಹಕ್ಕಿಯೇ ನಮ್ಮ ಹೊತ್ತಿಗೆ ಸಿಗಬೇಕಾಗಿದೆ.

ಅಮೆರಿಕದ ಮನೋವಿಜ್ಞಾನಿ ಲಿಂಡಾ ಹೆಂಕೆಲ್ 2014ರಲ್ಲಿ ಪ್ರಕಟಿಸಿದ ಅಧ್ಯಯನ ಈ ವ್ಯತ್ಯಾಸಕ್ಕೆ ಹತ್ತಿರದ್ದು. ಮ್ಯೂಸಿಯಮ್ಮಿನಲ್ಲಿ ಸುಮ್ಮನೆ ನೋಡಿದ ವಸ್ತುಗಳಿಗಿಂತ ಫೋಟೊ ತೆಗೆದ ವಸ್ತುಗಳು ಜನರ ನೆನಪಿನಲ್ಲಿ ಕಡಿಮೆ ಉಳಿದವು. ಆದರೆ ಒಂದು ಭಾಗವನ್ನೇ ಝೂಮ್ ಮಾಡಿ ತೆಗೆದಾಗ ನೆನಪು ಹಾಗೆ ಕುಂದಲಿಲ್ಲ. ಎಂದರೆ, ಕೈಯಲ್ಲಿ ಕ್ಯಾಮೆರಾ ಇದೆಯೋ ಇಲ್ಲವೋ ಎಂಬುದಕ್ಕಿಂತ ಮನಸ್ಸು ಎಲ್ಲಿದೆ ಎಂಬುದು ಮುಖ್ಯ.

ನೀತಿಯ ಪ್ರಶ್ನೆ ಬರುವುದು ಇಲ್ಲಿ. ನರಸಿಂಹರಾಜಪುರದ ಬಳಿ ಭದ್ರಾ ಹಿನ್ನೀರಿನ ಸೂರ್ಯಾಸ್ತ ಫೋನಿನಲ್ಲಿ ಸೊಗಸಾಗಿ ಬರುತ್ತದೆ. ಲಕ್ಕವಳ್ಳಿಯಲ್ಲಿ ಅಣೆಕಟ್ಟೆ ಕಟ್ಟಿದಾಗ ಆ ನೀರಿನಡಿ ಹೋದ ಊರು, ಗದ್ದೆ, ಕಾಡು ಯಾವ ಪಟದಲ್ಲೂ ಬರುವುದಿಲ್ಲ. ಸ್ವಲ್ಪ ಹೊತ್ತು ನಿಂತು ಊರಿನ ಹಿರಿಯರನ್ನು ಮಾತಾಡಿಸಿದರೆ ಮಾತ್ರ ತಿಳಿದೀತು. ಹಾಗೆ ತಿಳಿದವರಿಗೆ ಆ ಜಾಗ ಬರೀ ಹಿನ್ನೆಲೆಯಾಗಿ ಉಳಿಯುವುದಿಲ್ಲ. ಮೊದಲು ಇದ್ದದ್ದನ್ನೇ ಗಮನಿಸದವರು ನಾಳೆ ಒಂದು ಹಳ್ಳ ಬತ್ತಿದರೆ, ಒಂದು ಹಕ್ಕಿಯ ಕೂಗು ನಿಂತರೆ ಅದನ್ನೂ ಗಮನಿಸರು. ಕಾಡಿನ ಪರವಾಗಿ ಮಾತಾಡಬೇಕಾದ ದಿನ ಅವರ ಬಳಿ ನೂರು ಪಟಗಳಿರುತ್ತವೆ, ಹೇಳಲು ಮಾತಿರುವುದಿಲ್ಲ.

ಫೋನನ್ನು ಮನೆಯಲ್ಲೇ ಬಿಟ್ಟು ಬನ್ನಿ ಎಂದು ನಾನು ಹೇಳಲಾರೆ. ಜಲಪಾತದ ಎದುರು ಮೊದಲ ಹತ್ತು ನಿಮಿಷ ಅದು ಜೇಬಿನಲ್ಲಿರಲಿ, ಬ್ಲೂಟೂತ್ ಸ್ಪೀಕರ್ ಚೀಲದಲ್ಲೇ ಇರಲಿ. ಆಮೇಲೂ ಪಟ ತೆಗೆಯಬೇಕೆನಿಸಿದರೆ, ಏನನ್ನು ತೆಗೆಯಬೇಕು ಎಂಬುದಾದರೂ ಅಷ್ಟರಲ್ಲಿ ಗೊತ್ತಾಗಿರುತ್ತದೆ.